ಸುಂಕದ ಕಟ್ಟೆಯಲ್ಲಿ ಸರಕಿನ ತಡೆ: ಮಿತಾಕ್ಷರೆಯ ಒಂದು ವಿಧಿ

ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡಂತೆ ಎಂಬ ಗಾದೆಯು ಕನ್ನಡನಾಡಿನಲ್ಲಿ ಎಲ್ಲೆಡೆಯೂ ರೂಢವಾಗಿದೆ. ನಡುದಾರಿಯಲ್ಲಿ ಹೇರು ತಡೆಯಲ್ಪಟ್ಟ ಹರದನ ಅಸಹಾಯತೆಯನ್ನು ಇದಕ್ಕಿಂತ ಸಂಕ್ಷೇಪವಾಗಿ ಹೇಳುವುದು ಕಷ್ಟ. ಆದರೆ ಸುಂಕದವನಲ್ಲಿ ಹೇಳಿಕೊಂಡುದು ವ್ಯರ್ಥವಾದರೆ, ಆತನ ಮೇಲೆ ದೂರುವುದಕ್ಕೆ ಶಾಸ್ತ್ರದಲ್ಲಿ ಅವಕಾಶವಿತ್ತೆ ಎಂಬುದು ವಿಚಾರಾರ್ಹವಾದ ವಿಷಯ.

ಬಾಗಲಕೋಟೆಯ ಶಿರೂರಿಗೆ ಐಹೊಳೆಯು ಬಹುದೂರವಲ್ಲ. ಶಾಸನಗಳಲ್ಲಿ ಅಯ್ಯಾವೊಳೆ ಎನಿಸಿಕೊಂಡ ಈ ಸ್ಥಳವೇ ಐನೂರ್ವರ್ ಸ್ವಾಮಿಗಳೆಂಬ ವರ್ತಕಸಮೂಹಕ್ಕೆ ಹೆಸರನ್ನಿತ್ತಿತು. ಅವರ ಹೇರುಗಳು ಸಾಗಿದ ಈ ನಾಡಿನ ಶಾಸನಗಳಲ್ಲಿ ಪೆರ್ಜುಂಕ, ವಡ್ಡರಾವುಳ, ಬಿಲ್ಕೊಡೆ ಎಂಬ ಸುಂಕಗಳ ಹೆಸರುಗಳು ಮತ್ತೆ ಮತ್ತೆ ಬರುತ್ತವೆ. ಹನ್ನೆರಡನೆಯ ಶತಮಾನದ ಶರಣರಲ್ಲಿ ಸುಂಕದ ಬಂಕಣ್ಣನೆಂಬ ವಚನಕಾರನೂ ಇದ್ದನು; ತನ್ನ ಕಾಯಕದ ಪರಿಭಾಷೆಯನ್ನೇ ಆತನು ಅನುಭಾವಕ್ಕೆ ಬಳಸಿದನು. ಆದರೆ ದತ್ತಿಯನ್ನು ನಿರೂಪಿಸುವುದೇ ಶಾಸನದ ಉದ್ದೇಶವಾದುದರಿಂದ ಕಟ್ಟೆಯ ಜಗಳವನ್ನು ಅಲ್ಲಿ ಅರಸುವುದು ಫಲಕಾರಿಯಲ್ಲ. ಅದಕ್ಕೆ ಧರ್ಮಾರ್ಥಶಾಸ್ತ್ರಗಳನ್ನೇ ಆಶ್ರಯಿಸಬೇಕು.

ಮೈಸೂರಿನ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಅಚ್ಚುಹಾಕಿಸಿದ ಕೌಟಿಲೀಯದಲ್ಲಿ ಶುಲ್ಕಾಧ್ಯಕ್ಷನ ಪ್ರಕರಣವು ವಿಶದವಾಗಿದೆ. ಬಂದವರಾರು, ಎಲ್ಲಿಯವರು, ಸರಕೆಷ್ಟು, ಮುದ್ರೆ ಎಲ್ಲಿ ಬಿದ್ದಿತು ಎಂಬುದನ್ನು ಬರೆದುಕೊಳ್ಳತಕ್ಕದ್ದು. ಮುದ್ರೆಯಿಲ್ಲದ ಸರಕಿಗೆ ಸಲ್ಲತಕ್ಕ ಸುಂಕದ ಇಮ್ಮಡಿ, ಕೂಟಮುದ್ರೆಗೆ ಎಂಟುಮಡಿ, ಮುದ್ರೆ ಒಡೆದಿದ್ದರೆ ಘಟಿಕಾಸ್ಥಾನದಲ್ಲಿ ನಿಲ್ಲುವಿಕೆ. ಘಟಿಕಾಸ್ಥಾನ ಪದದ ಅರ್ಥದಲ್ಲಿ ಮತಭೇದವುಂಟು. ಅದು ಹೇಗೇ ಇರಲಿ, ಕಪಟಕ್ಕೊಂದು, ದಾರಿಯಲ್ಲಿ ಸಂಭವಿಸಬಹುದಾದ ಲೋಪಕ್ಕೆ ಮತ್ತೊಂದು ಎಂಬ ತಾರತಮ್ಯವು ಇಲ್ಲಿ ಸ್ಪಷ್ಟ. ವಿವಾಹ, ಯಜ್ಞ, ಉಪನಯನಾದಿಗಳಿಗೆ ಸಾಗುವ ವಸ್ತುಗಳಿಗಂತೂ ಸುಂಕವೇ ಇಲ್ಲ.

ಯಾಜ್ಞವಲ್ಕ್ಯಸ್ಮೃತಿಯ ವ್ಯವಹಾರಾಧ್ಯಾಯವು ಇನ್ನೊಂದು ಹೆಜ್ಜೆ ಮುಂದಿಡುತ್ತದೆ. ಪರಿಮಾಣವನ್ನು ಸುಳ್ಳು ಹೇಳಿದವನು, ಸುಂಕದ ಸ್ಥಳದಿಂದ ತಪ್ಪಿಸಿಕೊಂಡವನು, ವ್ಯಾಜದಿಂದ ಕೊಂಡು ಮಾರಿದವನು, ಇವರಿಗೆ ಎಂಟುಮಡಿ ದಂಡ. ಮೂರರಲ್ಲಿಯೂ ವಂಚನೆಯ ಬುದ್ಧಿಯೇ ದೋಷದ ಮೂಲ. ಇದರ ಬೆನ್ನಿಗೇ ಬರುವ ವಿಧಿಯನ್ನು ಓದುಗರು ಸಾಮಾನ್ಯವಾಗಿ ಗಮನಿಸುವುದಿಲ್ಲ: ತೊರೆಯ ಸುಂಕಕ್ಕೆ ನೇಮಿಸಲ್ಪಟ್ಟವನು ನೆಲದ ಸುಂಕವನ್ನು ಕೈಕೊಂಡರೆ ಆತನೇ ಹತ್ತು ಪಣ ದಂಡ ತೆರತಕ್ಕದ್ದು. ಈ ಸ್ಮೃತಿಗೆ ಮಿತಾಕ್ಷರೆಯನ್ನು ರಚಿಸಿದ ವಿಜ್ಞಾನೇಶ್ವರನು ಆರನೆಯ ವಿಕ್ರಮಾದಿತ್ಯನ (1076-1126) ಕಲ್ಯಾಣದಲ್ಲಿದ್ದವನು; ಎಂದರೆ ಅಯ್ಯಾವೊಳೆಯ ಹೇರುಗಳು ಓಡಾಡುತ್ತಿದ್ದ ರಾಜ್ಯದವನೇ. ಅಧಿಕಾರದ ಎಲ್ಲೆ ಮೀರಿದ ಸುಂಕದವನೂ ದಂಡ್ಯನೆಂಬುದು ಆ ಕಾಲದ ಪಂಡಿತರಿಗೆ ಅಪರಿಚಿತವಾಗಿರಲಿಲ್ಲ.

ಸ್ವತಂತ್ರ ಭಾರತದ ವ್ಯಾಜ್ಯಗಳೂ ಇದೇ ಎಲ್ಲೆಯನ್ನು ಕುರಿತವು. ಕೊಯಮತ್ತೂರಿನ ತನಿಖಾ ಠಾಣೆಯಿಂದ ಹುಟ್ಟಿದ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು 1970ರಲ್ಲಿ, ಸಾಗುವ ಸರಕೆಲ್ಲ ರಾಜ್ಯದೊಳಗೆ ಮಾರಾಟವಾದುದೆಂದೇ ಭಾವಿಸಿ ಮುಟ್ಟುಗೋಲು ಹಾಕುವ ಅಧಿಕಾರವು ಮಾರಾಟ ತೆರಿಗೆಯ ಶಾಸನಾಧಿಕಾರದಲ್ಲಿ ಅಡಕವಾಗಿಲ್ಲವೆಂದು ನಿರ್ಣಯಿಸಿತು. 2017ರ ಜುಲೈ 1ರಿಂದ ಸರಕು ಮತ್ತು ಸೇವಾ ತೆರಿಗೆ ಜಾರಿಗೆ ಬಂದಿತು. 2018ರ ಏಪ್ರಿಲ್ 1ರಂದು ರಾಜ್ಯದೊಳಗಿನ ಸಾಗಾಟಕ್ಕೂ ಇ-ವೇ ಬಿಲ್ಲನ್ನು ಅನ್ವಯಿಸಿದುದು ಕರ್ನಾಟಕವೇ. ಇಳಕಲ್ಲಿನ ಸೀರೆಯ ಗಂಟಾಗಲಿ ಗುಳೇದಗುಡ್ಡದ ಖಣವಾಗಲಿ, ಬೆಲೆ ಐವತ್ತು ಸಾವಿರ ರೂಪಾಯಿ ಮೀರಿ ದೂರ ಸಾಗುವಾಗ ಈ ಪತ್ರವೇ ಅದರ ಮುದ್ರೆ. 129ನೆಯ ಕಲಮಿನ ಪ್ರಕಾರ, 2022ರಿಂದ, ತಡೆದ ಸರಕನ್ನು ಬಿಡಿಸಿಕೊಳ್ಳಲು ಬಂದ ಒಡೆಯನಿಗೆ ದಂಡವು ತೆರಿಗೆಯ ಇಮ್ಮಡಿ. ಕೌಟಿಲ್ಯನ ಲೆಕ್ಕವೂ ಅದೇ, ಕಾಕತಾಳೀಯವಾದರೂ ವಿಸ್ಮಯಕರ.

ಒಡೆದ ಮುದ್ರೆಯ ಪ್ರಶ್ನೆಯು ತೆಲಂಗಾಣದಲ್ಲಿ ಮರಳಿ ಎದ್ದಿತು. 2020ರ ಜನವರಿಯಲ್ಲಿ ಕಾಗದದ ಸರಕೊಂದು ಚಳವಳಿಯ ನಿಮಿತ್ತ ದಾರಿ ಕಟ್ಟಿದುದರಿಂದ ತಲುಪಲಾರದೆ, ಪತ್ರದ ಅವಧಿ ತೀರಿದ ಮೇಲೆ ಹಿಡಿಯಲ್ಪಟ್ಟಿತು. ತೆರಿಗೆ ಮತ್ತು ದಂಡವೆಂದು 69,000 ರೂಪಾಯಿ ವಸೂಲಾಯಿತು. ಅವಧಿ ತೀರಿದ ಮಾತ್ರಕ್ಕೆ ವಂಚನೆಯನ್ನು ಊಹಿಸಲಾಗದೆಂದು ಉಚ್ಚ ನ್ಯಾಯಾಲಯವು ಹಣವನ್ನು ಹಿಂದಿರುಗಿಸುವಂತೆಯೂ, ಅಧಿಕಾರಿಯು 10,000 ರೂಪಾಯಿ ವೆಚ್ಚ ತೆರುವಂತೆಯೂ ಆಜ್ಞೆ ಮಾಡಿತು. 2022ರ ಜನವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವು ಅದಕ್ಕೆ 59,000 ರೂಪಾಯಿಗಳನ್ನು ಕೂಡಿಸಿತು. ಸ್ಮೃತಿಯ ಹತ್ತು ಪಣ ರಾಜನ ಬೊಕ್ಕಸಕ್ಕೆ ಸಲ್ಲುವ ದಂಡ. ಇದಾದರೋ ತಡೆಯಲ್ಪಟ್ಟ ವರ್ತಕನ ಕೈಗೆ ಸೇರತಕ್ಕ ಹಣ.