ಯುರೇನಸ್: ಕಂಡವರು ಮತ್ತು ಗುರುತಿಸಿದವರು

ನಮ್ಮ ಸಿದ್ಧಾಂತಗ್ರಂಥಗಳು ಎಣಿಸಿದ ತಾರಾಗ್ರಹಗಳು ಐದು: ಬುಧ, ಶುಕ್ರ, ಕುಜ, ಗುರು, ಶನಿ. ಗ್ರೀಕರು ಬಲ್ಲವೂ ಇವೇ. ಶನಿಯ ಕಕ್ಷೆಯೇ ಗ್ರಹಗಳ ಮೇರೆಯೆಂದು ಜ್ಯೋತಿರ್ವಿದರು ಬಹುಕಾಲ ನಂಬಿದ್ದರು. ಆ ಮೇರೆ ಒಡೆದದ್ದು ಕ್ರಿ.ಶ. ೧೭೮೧ರಲ್ಲಿ. ಅದು ಒಡೆದ ಬಗೆಯನ್ನು ವಾಚಕರು ಸಾವಧಾನದಿಂದ ಗಮನಿಸಬೇಕೆಂದು ನನ್ನ ಕೋರಿಕೆ. ಏಕೆಂದರೆ ಯುರೇನಸ್ ಎಂಬ ಆ ಗ್ರಹವು ಅದಕ್ಕೆ ತೊಂಬತ್ತು ವರ್ಷ ಮೊದಲಿನಿಂದಲೂ ಖಗೋಳಜ್ಞರ ಕಣ್ಣಿಗೆ ಬೀಳುತ್ತಲೇ ಇತ್ತು. ಅವರ ದಾಖಲೆಗಳಲ್ಲಿಯೂ ಸೇರಿತ್ತು.

ಗ್ರಹದ ಸ್ವರೂಪವನ್ನು ಮೊದಲು ಹೇಳಿಬಿಡುವುದು ಯುಕ್ತ. ಸೂರ್ಯನಿಂದ ಅದರ ಸರಾಸರಿ ದೂರ ೨೮೭ ಕೋಟಿ ಕಿಲೋಮೀಟರು. ಭೂಮಿಯ ದೂರದ ಸುಮಾರು ೧೯ ಪಟ್ಟು. ಒಂದು ಪ್ರದಕ್ಷಿಣೆಗೆ ೮೪ ವರ್ಷ ಹಿಡಿಯುತ್ತದೆ. ೧೭೮೧ರಲ್ಲಿ ತಾನಿದ್ದ ಸ್ಥಾನಕ್ಕೆ ಅದು ಈವರೆಗೆ ಎರಡೇ ಸಲ ಮರಳಿದೆ. ಮೂರನೆಯ ಸುತ್ತು ತುಂಬುವುದು ೨೦೩೩ರಲ್ಲಿ. ವ್ಯಾಸ ಸುಮಾರು ೫೧,೦೦೦ ಕಿಲೋಮೀಟರು, ಅಂದರೆ ಭೂಮಿಯ ನಾಲ್ಕರಷ್ಟು. ವಿಜ್ಞಾನಿಗಳು ಇದನ್ನು ಹಿಮದೈತ್ಯವೆಂದು ಕರೆಯುತ್ತಾರೆ. ಹೆಸರು ಕೇಳಿ ಗಡ್ಡೆಗಟ್ಟಿದ ಮಂಜಿನ ಉಂಡೆಯೊಂದನ್ನು ಕಲ್ಪಿಸಿಕೊಳ್ಳಬಾರದು. ಒಳಗಿರುವುದು ನೀರು, ಅಮೋನಿಯ, ಮೀಥೇನ್‌ಗಳ ಬಿಸಿಯಾದ ಸಾಂದ್ರ ದ್ರವ. ಮೇಲೆ ಜಲಜನಕ ಮತ್ತು ಹೀಲಿಯಂಗಳ ಆವರಣ. ಆ ಆವರಣದಲ್ಲಿ ಬೆರೆತ ಮೀಥೇನ್ ಕೆಂಪು ಬೆಳಕನ್ನು ಹೀರುವುದರಿಂದ ಗ್ರಹಕ್ಕೆ ನೀಲಿ ಮಿಶ್ರಿತ ಹಸುರು ಬಣ್ಣ ಬಂದಿದೆ. ಅದರ ಅಕ್ಷ ೯೮ ಡಿಗ್ರಿಯಷ್ಟು ವಾಲಿ, ಗ್ರಹವೇ ಪಕ್ಕಕ್ಕೆ ಮಲಗಿ ಉರುಳುವಂತಿದೆ. ಆದುದರಿಂದ ಧ್ರುವಗಳಲ್ಲಿ ನಲವತ್ತೆರಡು ವರ್ಷ ಹಗಲು, ನಲವತ್ತೆರಡು ವರ್ಷ ಇರುಳು.

ಇನ್ನು ಕಂಡವರ ವಿಚಾರ. ೧೬೯೦ರಲ್ಲಿ ಇಂಗ್ಲೆಂಡಿನ ರಾಜಖಗೋಳಜ್ಞನಾಗಿದ್ದ ಜಾನ್ ಫ್ಲಾಮ್‌ಸ್ಟೀಡ್ ಯುರೇನಸ್ಸನ್ನು ನೋಡಿ ಸ್ಥಾನವನ್ನು ಅಳೆದನು. ಅದು ನಕ್ಷತ್ರವೆಂದೇ ಅವನ ಎಣಿಕೆ; ಮುಂದೆ ಅವನ ಪಟ್ಟಿಯಲ್ಲಿ ಅದು ವೃಷಭರಾಶಿಯ ೩೪ನೆಯ ತಾರೆಯಾಯಿತು. ಫ್ರಾನ್ಸಿನ ಲೆ ಮೊನಿಯೇ ೧೭೫೦ರಿಂದ ೧೭೬೯ರವರೆಗೆ ಕನಿಷ್ಠ ಹನ್ನೆರಡು ಸಲ ಅದನ್ನು ಕಂಡನು. ಅದರಲ್ಲಿ ನಾಲ್ಕು ಸಲ ಎಡೆಬಿಡದ ನಾಲ್ಕು ರಾತ್ರಿ. ಅವನನ್ನು ಅಲಕ್ಷ್ಯಗಾರನೆಂದು ಹಳಿದವರುಂಟು. ಆ ಹಳಿವು ನನಗೆ ಸರಿತೋರುವುದಿಲ್ಲ. ೧೭೬೯ರ ಜನವರಿಯಲ್ಲಿ ಗ್ರಹವು ವಕ್ರಗತಿಯ ತಿರುವಿನಲ್ಲಿ ನಿಂತಂತೆಯೇ ಇತ್ತು. ಚಲಿಸದಿರುವುದನ್ನು ಗ್ರಹವೆಂದು ಶಂಕಿಸುವುದಾದರೂ ಹೇಗೆ?

ಗುರುತಿಸಿದವನು ಖಗೋಳವನ್ನು ವೃತ್ತಿಯಾಗಿ ಉಳ್ಳವನಲ್ಲ. ವಿಲಿಯಂ ಹರ್ಷೆಲ್ ಜರ್ಮನಿಯ ಹ್ಯಾನೋವರಿನಲ್ಲಿ ಹುಟ್ಟಿ, ಇಂಗ್ಲೆಂಡಿನ ಬಾತ್ ನಗರದಲ್ಲಿ ಸಂಗೀತದಿಂದ ಜೀವಿಸುತ್ತಿದ್ದವನು; ಚರ್ಚಿನಲ್ಲಿ ಆರ್ಗನ್ ನುಡಿಸುತ್ತಿದ್ದವನು. ದೂರದರ್ಶಕದ ಲೋಹದರ್ಪಣವನ್ನು ತಾನೇ ಎರಕ ಹೊಯ್ದು ತಾನೇ ಉಜ್ಜುತ್ತಿದ್ದನು. ೧೭೮೧ರ ಮಾರ್ಚ್ ೧೩ರ ರಾತ್ರಿ, ಮನೆಯ ಹಿತ್ತಲಿನಲ್ಲಿ ಏಳು ಅಡಿಯ ದೂರದರ್ಶಕದಿಂದ ನಕ್ಷತ್ರಗಳನ್ನು ಒಂದೊಂದಾಗಿ ಪರಿಶೀಲಿಸುತ್ತಿದ್ದಾಗ, ಒಂದು ಮಾತ್ರ ಉಳಿದವುಗಳಿಗಿಂತ ದೊಡ್ಡದಾಗಿ ಕಂಡಿತು. ಮೊದಲು ೨೨೭ ಪಟ್ಟು, ಬಳಿಕ ೪೬೦, ಬಳಿಕ ೯೩೨ ಪಟ್ಟು ಹಿಗ್ಗಿಸಿ ನೋಡಿದನು. ನಕ್ಷತ್ರಗಳು ಎಷ್ಟು ಹಿಗ್ಗಿಸಿದರೂ ಬಿಂದುಗಳೇ. ಇದರ ಬಿಂಬವಾದರೋ ಹಿಗ್ಗಿಸಿದಷ್ಟೂ ಬೆಳೆಯಿತು. ಪೂರ್ವಿಕರು ಸ್ಥಾನವನ್ನು ಅಳೆದರು, ಇವನು ಆಕಾರವನ್ನು ನೋಡಿದನು. ಭೇದವಿರುವುದು ಇಷ್ಟರಲ್ಲಿಯೇ. ಆದರೂ ಅವನು ರಾಯಲ್ ಸೊಸೈಟಿಗೆ ವರದಿ ಮಾಡಿದ್ದು ಧೂಮಕೇತುವೆಂದು! ಕಕ್ಷೆಯು ಹೆಚ್ಚುಕಡಿಮೆ ವೃತ್ತಾಕಾರವೆಂದು ಲೆಕ್ಕಹಾಕಿ ತೋರಿಸಿದವನು ಸೇಂಟ್ ಪೀಟರ್ಸ್‌ಬರ್ಗಿನ ಲೆಕ್ಸೆಲ್. ಹರ್ಷೆಲ್ ಅದಕ್ಕೆ ಮೂರನೆಯ ಜಾರ್ಜ್ ದೊರೆಯ ಹೆಸರಿಟ್ಟನು. ದೊರೆ ಇವನಿಗೆ ವರ್ಷಕ್ಕೆ ಇನ್ನೂರು ಪೌಂಡು ಕಟ್ಟಳೆ ಮಾಡಿದನು. ಬರ್ಲಿನ್ನಿನ ಬೋಡೆ ಸೂಚಿಸಿದ ಯುರೇನಸ್ ಎಂಬ ಹೆಸರೇ ಕೊನೆಗೆ ನಿಂತಿತು.

ಹಳಬರ ದಾಖಲೆಗಳು ವ್ಯರ್ಥವಾಗಲಿಲ್ಲವೆಂಬುದು ವಿಶೇಷ. ೧೮೨೧ರಲ್ಲಿ ಪ್ಯಾರಿಸಿನ ಬುವಾರ್ ಗ್ರಹಗತಿಯ ಕೋಷ್ಟಕ ರಚಿಸುವಾಗ ಹಳೆಯ ವೀಕ್ಷಣೆಗಳು ಹೊಸವುಗಳೊಡನೆ ಹೊಂದಲಿಲ್ಲ. ಅವನು ಹಳೆಯವನ್ನು ಕೈಬಿಟ್ಟನು. ಆದರೆ ಕೆಲವೇ ವರ್ಷಗಳಲ್ಲಿ ಗ್ರಹವು ಆ ಕೋಷ್ಟಕವನ್ನೂ ಮೀರಿ ನಡೆಯಿತು. ಆಚೆ ಇನ್ನೊಂದು ಗ್ರಹವು ಸೆಳೆಯುತ್ತಿರಬೇಕೆಂಬ ಗಣಿತದಿಂದ ೧೮೪೬ರಲ್ಲಿ ನೆಪ್ಚೂನ್ ದೊರೆಯಿತು.

ಇದೇ ಕಥೆ ನಮ್ಮ ನೆರೆಯಲ್ಲಿಯೂ ನಡೆಯಿತು. ೧೯೭೭ರ ಮಾರ್ಚ್ ೧೦ರಂದು ಯುರೇನಸ್ ತುಲಾರಾಶಿಯ ಮಂದ ನಕ್ಷತ್ರವೊಂದನ್ನು ಮರೆಮಾಡುವುದಿತ್ತು. ತಮಿಳುನಾಡಿನ ಜವ್ವಾದಿ ಬೆಟ್ಟಗಳಲ್ಲಿರುವ ಕಾವಲೂರಿನ ವೀಕ್ಷಣಾಲಯವು ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಗೆ ಸೇರಿದುದು. ಅಲ್ಲಿ ಜೆ. ಸಿ. ಭಟ್ಟಾಚಾರ್ಯ ಮತ್ತು ಕೆ. ಕುಪ್ಪುಸ್ವಾಮಿಯವರು ೧೦೨ ಸೆಂಟಿಮೀಟರಿನ ದೂರದರ್ಶಕದಿಂದ ನೋಡುತ್ತಿದ್ದರು. ಗ್ರಹವು ಸಮೀಪಿಸುತ್ತಿದ್ದಾಗ ನಕ್ಷತ್ರದ ಬೆಳಕು ಕೆಲವು ಕ್ಷಣ ಕುಗ್ಗಿತು. ಹೊಸ ಉಪಗ್ರಹವೊಂದು ಅಡ್ಡಬಂದಿರಬೇಕೆಂದು ಅವರು ನಿರ್ಣಯಿಸಿ ಪ್ರಕಟಿಸಿದರು. ಅದೇ ರಾತ್ರಿ ಹಿಂದೂ ಮಹಾಸಾಗರದ ದಕ್ಷಿಣದಲ್ಲಿ, ದೂರದರ್ಶಕ ಹೊತ್ತ ವಿಮಾನದಿಂದ ಅಮೆರಿಕದ ಎಲಿಯಟ್, ಡನ್‌ಹಂ ಮತ್ತು ಮಿಂಕ್ ಅದನ್ನೇ ನೋಡುತ್ತಿದ್ದರು. ಅವರಿಗೂ ಮೊದಲು ತೋಚಿದ್ದು ಉಪಗ್ರಹಗಳೇ. ಆದರೆ ಗ್ರಹಕ್ಕೆ ಮುನ್ನ ಐದು ಸಲ ಕುಗ್ಗಿದ ಬೆಳಕು ಗ್ರಹ ದಾಟಿದ ಮೇಲೆ ಆಚೆ ಬದಿಯಲ್ಲಿಯೂ ಐದು ಸಲ, ಹೆಚ್ಚುಕಡಿಮೆ ಅಷ್ಟಷ್ಟೇ ಅಂತರದಲ್ಲಿ, ಕುಗ್ಗಿತ್ತು. ಎರಡು ಬದಿಗೂ ಹೀಗೆ ಸಮನಾಗಿ ಒದಗುವುದು ಉಂಗುರಗಳಿಗೆ ಮಾತ್ರ ಸಾಧ್ಯ. ಕಾವಲೂರಿನ ದಾಖಲೆಯನ್ನು ಮರಳಿ ಪರಿಶೀಲಿಸಿದಾಗ ಅದರಲ್ಲಿಯೂ ಉಂಗುರಗಳ ಗುರುತುಗಳಿದ್ದವು; ಭಟ್ಟಾಚಾರ್ಯ ಮತ್ತು ವೈನು ಬಾಪು ಅದೇ ವರ್ಷ ಅದನ್ನು ಪ್ರಕಟಿಸಿದರು.

ಉಂಗುರಗಳನ್ನು ಮೊದಲು ಕಂಡುಹಿಡಿದವರು ನಮ್ಮವರೇ, ಕೀರ್ತಿ ಪರರ ಪಾಲಾಯಿತೆಂದು ಅಭಿಮಾನದಿಂದ ಹೇಳಹೊರಟರೆ ಅದು ನ್ಯಾಯವಲ್ಲ. ಕಾವಲೂರಿನ ಹೆಸರನ್ನೇ ಬಿಟ್ಟು ಈ ಚರಿತ್ರೆಯನ್ನು ಬರೆಯುವುದೂ ನ್ಯಾಯವಲ್ಲ.

೧೯೮೬ರ ಜನವರಿ ೨೪ರಂದು ವಾಯೇಜರ್-೨ ನೌಕೆ ಗ್ರಹದ ಸಮೀಪ ಹಾದುಹೋಯಿತು. ಅಲ್ಲಿಗೆ ಹೋದ ನೌಕೆ ಇಂದಿಗೂ ಅದೊಂದೇ. ಅದು ಕಳುಹಿದ ಚಿತ್ರಗಳಲ್ಲಿ ಹತ್ತು ಹೊಸ ಉಪಗ್ರಹಗಳನ್ನು ಆಗಲೇ ಗುರುತಿಸಿದರು. ಹನ್ನೊಂದನೆಯದೊಂದು ಅದೇ ಚಿತ್ರಗಳಲ್ಲಿ ಹದಿಮೂರು ವರ್ಷ ಯಾರ ಗಮನಕ್ಕೂ ಬಾರದೆ ಕುಳಿತಿತ್ತು. ೧೯೯೯ರಲ್ಲಿ ಎರಿಕ್ ಕಾರ್ಕೋಷ್ಕಾ ಅದನ್ನು ಕಂಡುಹಿಡಿದರು. ಬೇರೆ ಸಾಕ್ಷ್ಯ ದೊರೆಯದೆ ೨೦೦೧ರಲ್ಲಿ ಅದನ್ನು ಪಟ್ಟಿಯಿಂದ ತೆಗೆದರು. ೨೦೦೩ರಲ್ಲಿ ಹಬಲ್ ದೂರದರ್ಶಕಕ್ಕೆ ಗೋಚರಿಸಿದ ಮೇಲೆ ಮರಳಿ ಸೇರಿಸಿದರು. ಅದಕ್ಕೆ ಇಟ್ಟ ಹೆಸರು ಪರ್ಡಿಟಾ. ಲ್ಯಾಟಿನ್ ನುಡಿಯಲ್ಲಿ ಹಾಗೆಂದರೆ ‘ಕಳೆದುಹೋದವಳು’ ಎಂದರ್ಥ.