ಗ್ಯಾರೇಜ್ ರಿಮೋಟ್ ಕೈಕೊಟ್ಟ ಚರಿತ್ರೆ

ಮೇಲಕ್ಕೆ ಸರಿದು ತೆರೆದುಕೊಳ್ಳುವ ಗ್ಯಾರೇಜ್ ಬಾಗಿಲನ್ನು ಅಮೆರಿಕದ ಸಿ. ಜಿ. ಜಾನ್ಸನ್ 1921ರಲ್ಲಿ ರೂಪಿಸಿದರು. ಅದನ್ನು ಎತ್ತಿಳಿಸುವ ವಿದ್ಯುತ್ ಯಂತ್ರವನ್ನೂ 1926ರಲ್ಲಿ ಅವರೇ ತಂದರು. ಕಾರಿನಲ್ಲಿ ಕೂತಲ್ಲಿಂದಲೇ ರೇಡಿಯೊ ಸಂಕೇತ ಕಳಿಸಿ ಬಾಗಿಲು ತೆರೆಯುವ ಅನುಕೂಲ ಜನಸಾಮಾನ್ಯರನ್ನು ತಲುಪಿದ್ದು ಎರಡನೇ ಮಹಾಯುದ್ಧದ ನಂತರ, ನಗರಗಳ ಹೊರವಲಯದಲ್ಲಿ ಮನೆಗೊಂದು ಕಾರು, ಕಾರಿಗೊಂದು ಕೋಣೆ ಎನ್ನುವ ಕಾಲದಲ್ಲಿ. ಆಗಿನ ಉಪಕರಣಗಳು ಬರೀ ಒಂದು ನಿಗದಿತ ತರಂಗಾಂತರಕ್ಕೆ ಓಗೊಡುತ್ತಿದ್ದವು. ಪಕ್ಕದ ಮನೆಯವರು ಗುಂಡಿ ಒತ್ತಿದರೆ ಈ ಮನೆಯ ಬಾಗಿಲೂ ಏಳುತ್ತಿತ್ತು. ಹೀಗಾಗಿ ಈ ರಿಮೋಟಿನ ಮೊದಲ ದೋಷ ಕೆಲಸ ಮಾಡದಿರುವುದಲ್ಲ, ಬೇಡದ ಕಡೆಯೂ ಕೆಲಸ ಮಾಡುವುದು.

ಇದಕ್ಕೆ ಪರಿಹಾರವಾಗಿ ಬಂದದ್ದು ಸಾಲುಸಾಲು ಪುಟ್ಟ ಸ್ವಿಚ್ಚುಗಳು. ರಿಮೋಟಿನಲ್ಲೂ ಬಾಗಿಲ ಯಂತ್ರದಲ್ಲೂ ಅವನ್ನು ಒಂದೇ ರೀತಿ ಜೋಡಿಸಬೇಕಿತ್ತು. ಎಂಟು ಸ್ವಿಚ್ಚಿದ್ದರೆ 256 ಸಂಕೇತ, ಹನ್ನೆರಡಿದ್ದರೆ 4,096. ಒಂದು ಸ್ವಿಚ್ಚು ಅತ್ತಿತ್ತ ಸರಿದರೂ ಬಾಗಿಲು ಕದಲದು. ಅದಕ್ಕಿಂತ ದೊಡ್ಡ ತೊಡಕೆಂದರೆ ಪ್ರತಿ ಸಲವೂ ಹೊರಡುತ್ತಿದ್ದುದು ಅದೇ ಸಂಕೇತ. ಅದನ್ನು ಗಾಳಿಯಿಂದ ಹಿಡಿದಿಟ್ಟುಕೊಂಡವನಿಗೆ ಬೀಗದ ಕೈಯೇ ಸಿಕ್ಕಂತೆ. 1990ರ ದಶಕದಲ್ಲಿ ಒತ್ತಿದಾಗಲೆಲ್ಲ ಬದಲಾಗುವ ಸಂಕೇತದ ರಿಮೋಟುಗಳು ಬಂದವು. ಈ ಬಗೆಯಲ್ಲಿ ಹೆಸರಾದ ಕೀಲಾಕ್ ವಿಧಾನ ದಕ್ಷಿಣ ಆಫ್ರಿಕಾದ್ದು. 1995ರಲ್ಲಿ ಅಮೆರಿಕದ ಮೈಕ್ರೋಚಿಪ್ ಕಂಪನಿ ಅದನ್ನು ಕೊಂಡಿತು. ಕಳ್ಳನ ಕಾಟ ತಗ್ಗಿತು, ಆದರೆ ಹೊಸ ಕಾಯಿಲೆ ಅಂಟಿತು. ಎಷ್ಟು ಸಲ ಒತ್ತಿದೆ ಎಂಬ ರಿಮೋಟಿನ ಎಣಿಕೆಯೂ ಯಂತ್ರದ ಎಣಿಕೆಯೂ ಜೊತೆಜೊತೆಗೆ ಸಾಗಬೇಕು. ಕೀಲಾಕ್‌ನಲ್ಲಿ ಸಾಮಾನ್ಯವಾಗಿ 16 ಹೆಜ್ಜೆಗಳ ಅಂತರಕ್ಕೆ ಮಾತ್ರ ಸಲಿಗೆ. ದೂರದಲ್ಲೆಲ್ಲೋ ಮಗುವಿನ ಕೈಗೆ ಸಿಕ್ಕ ರಿಮೋಟು ಅದನ್ನು ದಾಟಿಬಿಟ್ಟರೆ ಮನೆಗೆ ಬಂದಾಗ ಒಂದು ಒತ್ತಿಗೆ ಬಾಗಿಲು ಜಗ್ಗದು. ಬೆನ್ನುಬೆನ್ನಿಗೆ ಎರಡು ಸಲ ಒತ್ತಿದರೆ ಲೆಕ್ಕ ಮತ್ತೆ ಕೂಡುತ್ತದೆ.

ಇವೆಲ್ಲ ಉಪಕರಣದೊಳಗಿನ ದೋಷಗಳು. ಉಪಕರಣದಲ್ಲಿ ಯಾವ ದೋಷವೂ ಇಲ್ಲದೆ ರಿಮೋಟು ಸೋತ ಪ್ರಸಂಗ ಹೆಚ್ಚು ಕುತೂಹಲದ್ದು. ಅಮೆರಿಕದ ಬಹುಪಾಲು ರಿಮೋಟುಗಳು ಆಗ 390 ಮೆಗಾಹರ್ಟ್ಸ್ ಆಸುಪಾಸಿನಲ್ಲಿ ಕೆಲಸ ಮಾಡುತ್ತಿದ್ದವು. 225ರಿಂದ 400 ಮೆಗಾಹರ್ಟ್ಸ್‌ವರೆಗಿನ ಪಟ್ಟಿ ಮುಖ್ಯವಾಗಿ ಅಲ್ಲಿನ ಸೇನೆಯ ಬಳಕೆಗೆ ಮೀಸಲು. ಪರವಾನಗಿ ಇಲ್ಲದ, ತೀರಾ ಕ್ಷೀಣ ಶಕ್ತಿಯ ಉಪಕರಣಗಳು ಅಲ್ಲಿ ಇರಬಹುದು, ಆದರೆ ಯಾರಿಗೂ ತೊಂದರೆ ಕೊಡಕೂಡದು, ತಮಗೆ ತೊಂದರೆಯಾದರೆ ಸಹಿಸಿಕೊಳ್ಳಬೇಕು ಎಂಬುದು ಅಮೆರಿಕದ ಸಂಪರ್ಕ ನಿಯಂತ್ರಣ ಸಂಸ್ಥೆಯಾದ ಎಫ್‌ಸಿಸಿಯ ನಿಯಮ. ಸೇನೆ ಆ ಭಾಗವನ್ನು ಹೆಚ್ಚು ಬಳಸದಿದ್ದ ದಶಕಗಳಲ್ಲಿ ಈ ಷರತ್ತು ಯಾರ ಗಮನಕ್ಕೂ ಬರಲಿಲ್ಲ.

2004ರಲ್ಲಿ ಫ್ಲಾರಿಡಾದ ಎಗ್ಲಿನ್ ವಾಯುನೆಲೆ 380ರಿಂದ 399.9 ಮೆಗಾಹರ್ಟ್ಸ್‌ನಲ್ಲಿ ಹೊಸ ರೇಡಿಯೊ ಜಾಲವನ್ನು ಪರೀಕ್ಷಿಸಿದಾಗ ಸುತ್ತಲಿನ ಊರುಗಳ ಬಾಗಿಲುಗಳು ಮುಷ್ಕರ ಹೂಡಿದವು. ಜನ ಭಯಪಟ್ಟಂತೆ ಬಾಗಿಲುಗಳು ತಾವಾಗಿ ತೆರೆದುಕೊಳ್ಳಲಿಲ್ಲ, ಸರಿಯಾದ ಸಂಕೇತವಿಲ್ಲದೆ ಹಾಗಾಗದು. ಪ್ರಬಲ ತರಂಗದ ಗದ್ದಲದಲ್ಲಿ ರಿಮೋಟಿನ ಪಿಸುದನಿ ಗ್ರಾಹಕಕ್ಕೆ ಕೇಳಿಸಲಿಲ್ಲ, ಅಷ್ಟೇ. ಕೆಲವರು ಬಾಗಿಲಿನ ಹತ್ತಿರಕ್ಕೇ ಹೋಗಿ ಒತ್ತಬೇಕಾಯಿತು, ಕೆಲವರಿಗೆ ಅದೂ ಫಲಿಸಲಿಲ್ಲ. 2005ರ ಡಿಸೆಂಬರಿನಲ್ಲಿ ಅಮೆರಿಕದ ಸರ್ಕಾರಿ ಲೆಕ್ಕಪರಿಶೋಧನಾ ಸಂಸ್ಥೆ ಈ ವಿಷಯಕ್ಕೆಂದೇ ಒಂದು ವರದಿ ಹೊರತಂದಿತು. ದೂರು ಎಷ್ಟೇ ಇರಲಿ, ಕಾನೂನು ಸೇನೆಯ ಕಡೆಗಿತ್ತು; ರಿಪೇರಿಯ ಖರ್ಚು ಮನೆಯವರ ತಲೆಗೇ ಬಂತು. ಕೊಲರಾಡೊ ಸ್ಪ್ರಿಂಗ್ಸ್‌ನಲ್ಲೂ ವರ್ಜೀನಿಯಾದ ಕ್ವಾಂಟಿಕೊ ಬಳಿಯೂ ಇದೇ ಮರುಕಳಿಸಿತು. 2005ರಲ್ಲಿ ಕೆನಡಾದ ಆಟವಾದಲ್ಲಿ ಬಾಗಿಲುಗಳು ಕೆಟ್ಟಾಗ ಸಂಶಯ ಅಮೆರಿಕದ ರಾಯಭಾರ ಕಚೇರಿಯತ್ತ ತಿರುಗಿತ್ತು. ಕಚೇರಿ ಅದನ್ನು ಅಲ್ಲಗಳೆಯಿತು.

ತಯಾರಕರು 315 ಮೆಗಾಹರ್ಟ್ಸ್‌ನತ್ತ ಹೊರಳಿದರು, ಆಮೇಲೆ ಒಂದೇ ಒತ್ತಿಗೆ ಹಲವು ತರಂಗಾಂತರಗಳಲ್ಲಿ ಸಂಕೇತ ಹೊರಡಿಸುವ ಮಾದರಿಗಳು ಬಂದವು. ಅಷ್ಟರಲ್ಲಿ ಅಡ್ಡಿಯ ಮೂಲ ಗ್ಯಾರೇಜಿನ ಒಳಗೇ ಬಂದು ಕೂತಿತ್ತು. ಯಂತ್ರಕ್ಕೆ ಸಿಕ್ಕಿಸಿದ ಅಗ್ಗದ ಎಲ್‌ಇಡಿ ಬಲ್ಬಿನೊಳಗಿನ ಮಂಡಲವೂ ರೇಡಿಯೊ ಗದ್ದಲ ಎಬ್ಬಿಸುತ್ತದೆ. ಬ್ಯಾಟರಿ ಬದಲಿಸಿಯೂ ರಿಮೋಟು ಹತ್ತಿರದಿಂದ ಮಾತ್ರ ಕೆಲಸ ಮಾಡಿದರೆ ಬಲ್ಬು ಬಿಚ್ಚಿ ನೋಡುವ ರೂಢಿ ಹಾಗೆ ಹುಟ್ಟಿತು. ಯಂತ್ರದಿಂದ ಇಳಿಬಿದ್ದ ಆಂಟೆನಾ ತಂತಿ ಮಡಚಿಕೊಂಡಿದ್ದರೂ ತುಂಡಾಗಿದ್ದರೂ ಲಕ್ಷಣ ಇದೇ. ಬಾಗಿಲು ರಿಮೋಟಿನಿಂದ ತೆರೆದುಕೊಂಡು, ಮುಚ್ಚುವಾಗ ಮಾತ್ರ ತಡೆದು ನಿಂತರೆ ತಪ್ಪು ಸಾಮಾನ್ಯವಾಗಿ ರೇಡಿಯೊದ್ದಲ್ಲ. ಮಕ್ಕಳು ಸಿಕ್ಕಿಬೀಳದಂತೆ 1993ರಿಂದ ಅಮೆರಿಕದಲ್ಲಿ ತಯಾರಾಗುವ ಯಂತ್ರಗಳಿಗೆ ಹೆಚ್ಚುವರಿ ಸುರಕ್ಷಾ ವ್ಯವಸ್ಥೆ ಕಡ್ಡಾಯವಾಯಿತು. ಅದಕ್ಕೆಂದು ನೆಲದ ಹತ್ತಿರ ಕೂರಿಸುವ ಬೆಳಕಿನ ಕಣ್ಣಿಗೆ ಧೂಳು ಮೆತ್ತಿದರೂ ಬಾಗಿಲು ಕೆಳಗಿಳಿಯದು.