ಇಮ್ಮಡಿಯ ಮಿತಿ: ಮನೆಸಾಲದ ದೀರ್ಘಕಾಲದ ವೆಚ್ಚವನ್ನು ಕುರಿತು ಒಂದು ಚಾರಿತ್ರಿಕ ವಿವೇಚನೆ

ಪರಸ್ಥಳಗಳಲ್ಲಿ ನೆಲೆಸಿದ ಕನ್ನಡಿಗರ ಚರಿತ್ರೆಯನ್ನು ಬರೆಯಹೊರಟವರು ಸಂಘಸಂಸ್ಥೆಗಳ ವರದಿಗಳನ್ನೂ, ನಾಟಕ ಸಾಹಿತ್ಯಗಳ ದಾಖಲೆಗಳನ್ನೂ ತಿರುವಿಹಾಕುವುದು ವಾಡಿಕೆಯಾಗಿದೆ. ಆದರೆ ನಮ್ಮಲ್ಲಿ ಬಹುಮಂದಿಯ ಬಾಳಿನ ದಿಕ್ಕನ್ನು ನಿರ್ಧರಿಸಿದ ಇನ್ನೊಂದು ದಾಖಲೆಯುಂಟು. ಅದು ಮನೆಸಾಲದ ಕರಾರುಪತ್ರ. ನಾಲ್ಕು ವರ್ಷ ದುಡಿದು ಊರಿಗೆ ಮರಳುವೆನೆಂದು ಬಂದವನು ಇಲ್ಲಿಯೇ ಉಳಿದುದಕ್ಕೆ ಮಕ್ಕಳ ವಿದ್ಯಾಭ್ಯಾಸವು ಎಷ್ಟು ಕಾರಣವೋ, ಇಪ್ಪತ್ತು ವರ್ಷಗಳ ಕಂತುಗಳೂ ಅಷ್ಟೇ ಕಾರಣವೆಂದರೆ ಅತಿಶಯೋಕ್ತಿಯಾಗದು.

ಸಾಲ ಪಡೆಯುವವನು ಸಾಮಾನ್ಯವಾಗಿ ಎರಡು ಪ್ರಶ್ನೆಗಳನ್ನು ಕೇಳುವನು: ಬಡ್ಡಿಯ ದರವೆಷ್ಟು, ತಿಂಗಳಿಗೆ ಕಟ್ಟಬೇಕಾದುದೆಷ್ಟು. ಒಟ್ಟಿನಲ್ಲಿ ಕೊಡುವ ಹಣವೆಷ್ಟು, ಎಷ್ಟು ಕಾಲದವರೆಗೆ ಎಂಬ ಮೂರನೆಯ ಪ್ರಶ್ನೆಯನ್ನು ಕೇಳುವವರು ವಿರಳ. ಆಶ್ಚರ್ಯದ ಸಂಗತಿಯೆಂದರೆ, ನಮ್ಮ ಪ್ರಾಚೀನ ಋಣನ್ಯಾಯವು ಮೊತ್ತಮೊದಲು ಕೈಹಾಕಿದ್ದು ಈ ಮೂರನೆಯ ಪ್ರಶ್ನೆಗೆ. ಅದಕ್ಕೆ ದೊರೆತ ಉತ್ತರವೇನು, ಆ ಉತ್ತರವು ಕಾಲಕ್ರಮದಲ್ಲಿ ಹೇಗೆ ಸಡಿಲವಾಯಿತು, ಇಂದಿನ ಗೃಹಸ್ಥನಿಗೆ ಅದರಿಂದ ತಿಳಿಯತಕ್ಕದ್ದೇನು ಎಂಬುದನ್ನು ವಿಚಾರಿಸುವುದೇ ಈ ಲೇಖನದ ಉದ್ದೇಶ.

ಮೊದಲು ಶಬ್ದಗಳನ್ನು ನೋಡೋಣ. ಒತ್ತೆಗೆ ಧರ್ಮಶಾಸ್ತ್ರಕಾರರು ಇಟ್ಟ ಹೆಸರು 'ಆಧಿ'. ಅದರಲ್ಲಿ ಎರಡು ಬಗೆ. ಸಾಲಿಗನು ಕಾಪಾಡಿಕೊಂಡಿರಬೇಕೇ ಹೊರತು ಬಳಸಕೂಡದೆಂಬುದು ಗೋಪ್ಯಾಧಿ. ಅದರ ಫಲವನ್ನು ಬಡ್ಡಿಗೆ ಬದಲಾಗಿ ಉಣ್ಣಬಹುದೆಂಬುದು ಭೋಗ್ಯಾಧಿ. ಬೆಂಗಳೂರಿನಲ್ಲಿ ದೊಡ್ಡ ಮೊತ್ತವನ್ನು ಒಮ್ಮೆಗೇ ಕೊಟ್ಟು, ಬಾಡಿಗೆಯಿಲ್ಲದೆ ಕೆಲವು ವರ್ಷ ವಾಸಿಸಿ, ಬಿಡುವಾಗ ಹಣವನ್ನು ಮರಳಿ ಪಡೆಯುವ ಪದ್ಧತಿಗೆ ಇಂದಿಗೂ 'ಭೋಗ್ಯ'ವೆಂದೇ ಹೆಸರು. ಇಂಗ್ಲೀಷಿನ 'ಮಾರ್ಟ್‌ಗೇಜ್' ಎಂಬ ಶಬ್ದವಾದರೋ ಹಳೆಯ ಫ್ರೆಂಚ್ ಭಾಷೆಯಿಂದ ಬಂದುದು. ಅದರ ಅರ್ಥ 'ಮೃತ ಒತ್ತೆ'. ಹನ್ನೆರಡನೆಯ ಶತಮಾನದ ಕೊನೆಯಲ್ಲಿ ಗ್ಲಾನ್‌ವಿಲ್ಲನ ಹೆಸರಿನಲ್ಲಿ ಪ್ರಸಿದ್ಧವಾದ ಆಂಗ್ಲ ನ್ಯಾಯಗ್ರಂಥದಲ್ಲಿ, ಭೂಮಿಯ ಫಲವು ಸಾಲವನ್ನು ತಗ್ಗಿಸದಿದ್ದರೆ ಅದು ಮೃತ ಒತ್ತೆಯೆಂಬ ವಿವರಣೆಯಿದೆ. ಕೊಡುತ್ತಿರುವುದು ಸಾಲವನ್ನು ತೀರಿಸುತ್ತಿದೆಯೋ, ಬಡ್ಡಿಯ ಬಾಯಿಗೆ ಮಾತ್ರ ಹೋಗುತ್ತಿದೆಯೋ ಎಂಬ ಪ್ರಶ್ನೆ ಹೀಗೆ ಎರಡು ಪರಂಪರೆಗಳಲ್ಲಿಯೂ ಹಳೆಯದು.

ಇನ್ನು ಮಿತಿಯ ವಿಚಾರ. ಒತ್ತೆಯಿಟ್ಟ ಸಾಲಕ್ಕೆ ತಿಂಗಳಿಗೆ ಅಸಲಿನ ಎಂಬತ್ತನೆಯ ಒಂದು ಭಾಗ ಬಡ್ಡಿಯೆಂದು ಯಾಜ್ಞವಲ್ಕ್ಯನು ವಿಧಿಸಿರುವನು. ಅದು ವರ್ಷಕ್ಕೆ ಶೇಕಡ 15 ಆಗುವುದು. ಒತ್ತೆಯಿಲ್ಲದ ಸಾಲಕ್ಕೆ ವರ್ಣಾನುಕ್ರಮವಾಗಿ ತಿಂಗಳಿಗೆ ಶೇಕಡ 2ರಿಂದ 5ರವರೆಗೆ ಬಡ್ಡಿಯಿದ್ದು, ಕೆಳಗಿನವನೆಂದು ಎಣಿಸಲ್ಪಟ್ಟವನಿಗೇ ಹೆಚ್ಚಿನ ದರ ಬೀಳುತ್ತಿದ್ದುದರಿಂದ, ಆ ಕಾಲವನ್ನು ಸುವರ್ಣಯುಗವೆಂದು ಹೊಗಳಲು ಕಾರಣವಿಲ್ಲ. ಆದರೆ ದರಕ್ಕಿಂತ ಗಮನಾರ್ಹವಾದುದು ಮೊತ್ತದ ಕಟ್ಟು. ಕೂಡಿಬಂದ ಬಡ್ಡಿಯೂ ಅಸಲೂ ಸೇರಿ ರಸಪದಾರ್ಥಗಳಿಗೆ ಎಂಟುಪಟ್ಟು, ಬಟ್ಟೆಗೆ ನಾಲ್ಕುಪಟ್ಟು, ಧಾನ್ಯಕ್ಕೆ ಮೂರುಪಟ್ಟು, ಹೊನ್ನಿಗೆ ಇಮ್ಮಡಿ, ಇದನ್ನು ಮೀರಕೂಡದು. ಮನುವೂ ಹಣದ ಸಾಲಕ್ಕೆ ಇಮ್ಮಡಿಯ ಮಿತಿಯನ್ನೇ ಹೇಳಿರುವನು. ಎಂಬತ್ತನೆಯ ಭಾಗದ ಲೆಕ್ಕದಲ್ಲಿ ಸಾಲವು 80 ತಿಂಗಳಲ್ಲಿ, ಎಂದರೆ 6 ವರ್ಷ 8 ತಿಂಗಳಲ್ಲಿ ಇಮ್ಮಡಿಯಾಗುವುದು. ಆಮೇಲೆ ಕಾಲವು ಸಾಲಿಗನ ಪರವಾಗಿ ದುಡಿಯುವುದಿಲ್ಲ. ಬೊಂಬಾಯಿ ಪ್ರಾಂತದಲ್ಲಿ 'ದಾಮದುಪ್ಪಟ'ವೆಂದು ಹೆಸರಾದ ನಿಯಮದ ಮೂಲವಿದು.

ಆದರೆ ಈ ನಿಯಮಕ್ಕೆ ಒಂದು ಬಾಗಿಲು ತೆರೆದಿತ್ತು. ಅದನ್ನು ನಮಗೆ ತೋರಿಸಿಕೊಟ್ಟವನು ಕನ್ನಡ ನಾಡಿನಲ್ಲಿದ್ದುಕೊಂಡು ಬರೆದ ವಿಜ್ಞಾನೇಶ್ವರ. ಆರನೆಯ ವಿಕ್ರಮಾದಿತ್ಯನ (1076–1126) ರಾಜಧಾನಿಯಾದ ಕಲ್ಯಾಣದಲ್ಲಿ, ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣದಲ್ಲಿ, ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರಾ ವ್ಯಾಖ್ಯಾನವನ್ನು ರಚಿಸಿದ ಈ ಪಂಡಿತನು ವ್ಯವಹಾರದ ಸೂಕ್ಷ್ಮಗಳನ್ನು ಬಲ್ಲವನು. ಇಮ್ಮಡಿಯ ಮಿತಿಯು ಒಂದೇ ಸಲಕ್ಕೆ ಒಟ್ಟಾಗಿ ವಸೂಲು ಮಾಡುವ ಬಡ್ಡಿಗೆ ಮಾತ್ರ ಅನ್ವಯಿಸುವುದೆಂದು ಅವನು ವಿವೇಚಿಸುವನು. ದಿನದಿನವೋ ತಿಂಗಳು ತಿಂಗಳೋ ವರ್ಷಕ್ಕೊಮ್ಮೆಯೋ ಬಡ್ಡಿಯನ್ನು ತೆಗೆದುಕೊಳ್ಳುತ್ತ ಬಂದರೆ ಅದರ ಮೊತ್ತವು ಇಮ್ಮಡಿಯನ್ನು ಮೀರಬಹುದು. ಸಾಲವನ್ನು ಹೊಸ ಕರಾರಾಗಿ ಮತ್ತೆ ಬರೆಯಿಸಿಕೊಂಡರೂ ಮೀರಬಹುದು. ಮುಂದಿನ ಒಂಬೈನೂರು ವರ್ಷಗಳ ಸಾಲದ ಚರಿತ್ರೆಯೆಲ್ಲ ಈ ಎರಡು ಬಾಗಿಲುಗಳಿಂದಲೇ ಹಾದುಬಂದಿತೆನ್ನಬಹುದು.

ಮೊದಲು ಎರಡನೆಯ ಬಾಗಿಲಿನ ಕಥೆ. 1855ರ 28ನೆಯ ಕಾಯಿದೆಯಿಂದ ಬ್ರಿಟಿಷ್ ಸರಕಾರವು ಬಡ್ಡಿದರದ ನಿರ್ಬಂಧಗಳನ್ನು ತೆಗೆದುಹಾಕಿತು. 1859ರ ಕಾಲಮಿತಿ ಕಾಯಿದೆಯು ಸಾಲಪತ್ರಗಳ ಮೇಲೆ ದಾವೆ ಹೂಡಲು ಮೂರು ವರ್ಷಗಳ ಅವಧಿಯನ್ನು ಗೊತ್ತುಮಾಡಿತು. ಹಳೆಯ ಬಡ್ಡಿ ಬೆಳೆದು ಬೆಟ್ಟವಾಗದಿರಲೆಂಬುದು ಅದರ ಆಶಯವಾಗಿತ್ತು. ಫಲ ಮಾತ್ರ ವಿಪರೀತವಾಯಿತು. ಮೂರು ವರ್ಷ ತುಂಬುವ ಮೊದಲೇ ಸಾಹುಕಾರನು ಬಾಕಿ ಬಡ್ಡಿಯನ್ನು ಅಸಲಿಗೆ ಸೇರಿಸಿ ಹೊಸ ಪತ್ರವನ್ನು ಬರೆಯಿಸತೊಡಗಿದನು. ನಿನ್ನೆಯ ಬಡ್ಡಿ ಇಂದಿನ ಅಸಲಾಯಿತು. 1875ರ ಮೇ 12ರಂದು ಪುಣೆ ಜಿಲ್ಲೆಯ ಸುಪೆಯಲ್ಲಿ ರೈತರು ಸಾಹುಕಾರರ ಲೆಕ್ಕದ ಪುಸ್ತಕಗಳನ್ನೂ ಸಾಲಪತ್ರಗಳನ್ನೂ ಕಸಿದು ಸುಟ್ಟರು. ದಂಗೆ ಅಹಮದನಗರ ಜಿಲ್ಲೆಗೂ ಹಬ್ಬಿತು. ಆ ಬಳಿಕ ನೇಮಕವಾದ ವಿಚಾರಣಾ ಮಂಡಲಿಯ ವರದಿಯಲ್ಲಿ, 100 ರೂಪಾಯಿಯ ಸಾಲಕ್ಕೆ 2,000 ರೂಪಾಯಿಗೂ ಮೀರಿ ಬಡ್ಡಿ ಹಾಕಿದ ಒಂದು ಪ್ರಸಂಗ ದಾಖಲಾಗಿದೆ. ರೈತರು ಮನೆಮಠಗಳಿಗಿಂತ ಕಾಗದಗಳನ್ನೇ ಮುಖ್ಯವಾಗಿ ಅರಸಿ ಸುಟ್ಟರೆಂಬುದು ಅರ್ಥವತ್ತಾದ ಸಂಗತಿ. ತಮ್ಮ ನೆಲವನ್ನು ನುಂಗಿದ್ದು ಲೆಕ್ಕದ ಬರವಣಿಗೆಯೆಂಬುದು ಅವರಿಗೆ ತಿಳಿದಿತ್ತು.

ಇದರ ಫಲವಾಗಿ ಬಂದುದು 1879ರ ದಖ್ಖನ್ ಕೃಷಿಕರ ಪರಿಹಾರ ಕಾಯಿದೆ. ಪತ್ರದಲ್ಲಿ ಬರೆದ ಮೊತ್ತಕ್ಕೆ ಜೋತುಬೀಳದೆ, ವ್ಯವಹಾರವನ್ನು ಮೊದಲಿನಿಂದಲೂ ಶೋಧಿಸಿ, ಅಸಲನ್ನೂ ಬಡ್ಡಿಯನ್ನೂ ಬೇರೆಬೇರೆಯಾಗಿ ಎಣಿಸಲು ನ್ಯಾಯಾಲಯಕ್ಕೆ ಅದು ಅಧಿಕಾರ ಕೊಟ್ಟಿತು. ದಾಮದುಪ್ಪಟದ ನಿಯಮವಾದರೋ ಎಲ್ಲೆಡೆಯಲ್ಲಿಯೂ ಒಂದೇ ತೆರನಾಗಿ ಉಳಿಯಲಿಲ್ಲ. ಬೊಂಬಾಯಿ ಪ್ರಾಂತದ ನ್ಯಾಯಾಲಯಗಳು ಹಿಂದೂ ಸಾಲಗಾರರ ವಿಷಯದಲ್ಲಿ ಅದನ್ನು ಪಾಲಿಸಿದವು. ಮದ್ರಾಸ್ ಪ್ರಾಂತದಲ್ಲಿ ಅದಕ್ಕೆ ಮನ್ನಣೆ ದೊರೆಯಲಿಲ್ಲ. ಆದುದರಿಂದ ಧಾರವಾಡ, ಬೆಳಗಾವಿ, ವಿಜಾಪುರಗಳ ಕನ್ನಡಿಗನಿಗಿದ್ದ ರಕ್ಷಣೆಯು ಬಳ್ಳಾರಿ, ಮಂಗಳೂರುಗಳ ಕನ್ನಡಿಗನಿಗೆ ಇರಲಿಲ್ಲ. ಕಲ್ಯಾಣದಲ್ಲಿ ವಿವರಿಸಲ್ಪಟ್ಟ ನಿಯಮವು ಕನ್ನಡ ನಾಡಿನೊಳಗೇ ಹೀಗೆ ಇಬ್ಭಾಗವಾಯಿತು.

ನಗರಗಳಲ್ಲಿ ಮನೆಯ ಪ್ರಶ್ನೆಗೆ ಮೊದಲು ಉತ್ತರ ಹುಡುಕಿದವರಲ್ಲಿ ನಮ್ಮ ಕರಾವಳಿಯಿಂದ ವಲಸೆ ಬಂದವರೂ ಇದ್ದರು. ಕೆನರಾ ಸೀಮೆಯಿಂದ ಮುಂಬಯಿಗೆ ಬಂದ ಚಿತ್ರಾಪುರ ಸಾರಸ್ವತರು, ಶ್ರೀಪಾದ ಸುಬ್ಬರಾವ್ ತಲ್ಮಕಿಯವರ ಮುಂದಾಳುತನದಲ್ಲಿ, 1906ರಲ್ಲಿ ಶಾಮರಾವ್ ವಿಠ್ಠಲ್ ಸಹಕಾರಿ ಬ್ಯಾಂಕನ್ನೂ, 1915ರಲ್ಲಿ ಗಾಂವ್‌ದೇವಿಯಲ್ಲಿ ಸಾರಸ್ವತ ಸಹಕಾರಿ ಗೃಹನಿರ್ಮಾಣ ಸಂಘವನ್ನೂ ಸ್ಥಾಪಿಸಿದರು. ಒಬ್ಬೊಬ್ಬನೂ ಬೇರೆಬೇರೆಯಾಗಿ ಸಾಲದ ಹೊರೆಯನ್ನು ಹೊರುವ ಬದಲು, ಸದಸ್ಯರು ಕೂಡಿ ಕಟ್ಟಿಕೊಂಡು ಕೂಡಿ ಬಾಳುವ ಮಾರ್ಗವದು. ಆದರೆ ದೇಶದಲ್ಲಿ ಪ್ರಬಲವಾಗಿ ಬೆಳೆದುದು ಬೇರೆ ಮಾರ್ಗ. 1970ರಲ್ಲಿ ಕೇಂದ್ರ ಸರಕಾರದ ಹುಡ್ಕೊ ಸಂಸ್ಥೆ, 1977ರಲ್ಲಿ ಹಸಮುಖಭಾಯಿ ಪಾರೇಖರ ನೇತೃತ್ವದ ಎಚ್.ಡಿ.ಎಫ್.ಸಿ., 1988ರಲ್ಲಿ ರಾಷ್ಟ್ರೀಯ ವಸತಿ ಬ್ಯಾಂಕು ಸ್ಥಾಪಿತವಾದ ಮೇಲೆ ಸಂಬಳದಾರನಿಗೆ ಮಾಸಿಕ ಸಮಕಂತಿನ ದೀರ್ಘಾವಧಿ ಸಾಲ ಸುಲಭವಾಯಿತು. ಬಾಡಿಗೆಯ ಚಾಳಿನಿಂದ ಸ್ವಂತ ಮನೆಗೆ ಲಕ್ಷಾಂತರ ಮಂದಿ ಬಂದುದು ಇದರಿಂದಲೇ. ಈ ಉಪಕಾರವನ್ನು ಅಲ್ಲಗಳೆಯಲಾಗದು.

ಆದರೆ ವಿಜ್ಞಾನೇಶ್ವರನು ತೋರಿಸಿದ ಮೊದಲನೆಯ ಬಾಗಿಲು ಇಲ್ಲಿದೆ. ತಿಂಗಳು ತಿಂಗಳೂ ಬಡ್ಡಿಯನ್ನು ಕೊಡುತ್ತ ಹೋಗುವ ಈ ಪದ್ಧತಿಗೆ ಇಮ್ಮಡಿಯ ಮಿತಿಯು ಅಂದೂ ಅನ್ವಯಿಸುತ್ತಿರಲಿಲ್ಲ, ಇಂದೂ ಅನ್ವಯಿಸುವುದಿಲ್ಲ. ಲೆಕ್ಕವನ್ನೇ ನೋಡೋಣ. 50 ಲಕ್ಷ ರೂಪಾಯಿಯ ಸಾಲ, ಬಡ್ಡಿ ಶೇಕಡ 9 ಎಂದಿಟ್ಟುಕೊಂಡರೆ, 20 ವರ್ಷಗಳ ಅವಧಿಗೆ ಮಾಸಿಕ ಕಂತು 44,986 ರೂಪಾಯಿ. ಒಟ್ಟು ಕೊಡುವುದು ಸುಮಾರು 1 ಕೋಟಿ 8 ಲಕ್ಷ. ಅವಧಿಯನ್ನು 30 ವರ್ಷಕ್ಕೆ ಬೆಳೆಸಿದರೆ ಕಂತು 40,231ಕ್ಕೆ ಇಳಿಯುವುದು. ಒಟ್ಟು ಮೊತ್ತ ಸುಮಾರು 1 ಕೋಟಿ 45 ಲಕ್ಷಕ್ಕೆ ಏರುವುದು. ತಿಂಗಳಿಗೆ 4,755 ರೂಪಾಯಿ ಉಳಿಸಿದವನು ಕೊನೆಗೆ ಸುಮಾರು 37 ಲಕ್ಷ ಹೆಚ್ಚಾಗಿ ತೆತ್ತಂತಾಯಿತು.

ಇದಕ್ಕಿಂತಲೂ ಮನಸ್ಸಿಗೆ ನಾಟುವುದು ಒಳಲೆಕ್ಕ. ಮೊದಲ ತಿಂಗಳ ಬಡ್ಡಿಯೇ 37,500 ರೂಪಾಯಿ. 30 ವರ್ಷದ ಸಾಲದಲ್ಲಿ ಆ ತಿಂಗಳು ಅಸಲಿಗೆ ಸಲ್ಲುವುದು 2,731 ರೂಪಾಯಿ ಮಾತ್ರ. ಹತ್ತು ವರ್ಷ ತಪ್ಪದೆ 48 ಲಕ್ಷಕ್ಕೂ ಮೇಲ್ಪಟ್ಟು ಕಟ್ಟಿದ ಮೇಲೆಯೂ 44 ಲಕ್ಷ 71 ಸಾವಿರ ರೂಪಾಯಿಯ ಸಾಲ ನಿಂತಿರುವುದು. ಅಸಲಿನ ಅರ್ಧ ತೀರಬೇಕಾದರೆ 23 ವರ್ಷ ಕಳೆಯಬೇಕು. ಹಳೆಯ ಅಳತೆಗೋಲನ್ನು ಇಲ್ಲಿ ಹಿಡಿದು ನೋಡಿದರೆ, ಶೇಕಡ 9ರ ದರದಲ್ಲಿ ಕೊಡುವ ಒಟ್ಟು ಹಣವು ಇಮ್ಮಡಿಯನ್ನು ಮುಟ್ಟುವುದು 212 ತಿಂಗಳ, ಎಂದರೆ 17 ವರ್ಷ 8 ತಿಂಗಳ ಅವಧಿಯಲ್ಲಿ. ಅದಕ್ಕಿಂತ ದೀರ್ಘವಾದ ಅವಧಿಯನ್ನು ಒಪ್ಪಿದವನು ಸ್ಮೃತಿಕಾರರ ಗೆರೆಯನ್ನು ತಾನಾಗಿಯೇ ದಾಟಿದವನು.

ಇನ್ನೊಂದು ತೊಡಕು ಬದಲಾಗುವ ಬಡ್ಡಿದರದ್ದು. ರಿಸರ್ವ್ ಬ್ಯಾಂಕಿನ ರೆಪೊ ದರವು 2020ರ ಮೇ ತಿಂಗಳಿಂದ 2022ರ ಮೇವರೆಗೆ ಶೇಕಡ 4 ಇದ್ದುದು, 2023ರ ಫೆಬ್ರವರಿಯ ವೇಳೆಗೆ 6.5 ಆಯಿತು. ದರ ಏರಿದಾಗ ಕಂತನ್ನು ಹಾಗೆಯೇ ಇರಿಸಿ ಅವಧಿಯನ್ನು ಬೆಳೆಸುವುದು ರೂಢಿ. ಕಂತು ಏರದಿದ್ದುದರಿಂದ ಸಾಲಗಾರನಿಗೆ ಏಟು ಬಿದ್ದುದೇ ತಿಳಿಯದು. ಶೇಕಡ 7ರ ದರದಲ್ಲಿ 20 ವರ್ಷಕ್ಕೆ 50 ಲಕ್ಷ ಪಡೆದವನ ಕಂತು 38,765 ರೂಪಾಯಿ. ಆರಂಭದಲ್ಲಿಯೇ ದರ 9ಕ್ಕೆ ಏರಿ, ಕಂತು ಬದಲಾಗದಿದ್ದರೆ, ಸಾಲ ತೀರಲು 458 ತಿಂಗಳು, ಎಂದರೆ 38 ವರ್ಷಕ್ಕೂ ಮೇಲೆ ಬೇಕು. ನಲವತ್ತರಲ್ಲಿ ಸಾಲ ಮಾಡಿದವನು ಅರವತ್ತರಲ್ಲಿ ಊರಿಗೆ ಮರಳುವ ಮಾತು ಅಲ್ಲಿಗೆ ಮುಗಿಯಿತು. ಮೂರು ವರ್ಷಕ್ಕೊಮ್ಮೆ ಹೊಸ ಪತ್ರ ಬರೆಯಿಸುತ್ತಿದ್ದ ಕಾಲದ ಬಲಾತ್ಕಾರವಾಗಲಿ ಮೋಸವಾಗಲಿ ಇಲ್ಲಿಲ್ಲ. ಆದರೆ ಕಾಲವು ಸದ್ದಿಲ್ಲದೆ ಬೆಳೆಯುವ ರೀತಿಯಲ್ಲಿ ಎರಡಕ್ಕೂ ಹೋಲಿಕೆಯುಂಟು.

ಈ ಲೆಕ್ಕಕ್ಕೆ ಆಕ್ಷೇಪಗಳಿಲ್ಲದೆ ಇಲ್ಲ. ಮೂವತ್ತು ವರ್ಷದ ಆಚೆಗೆ ಕೊಡುವ ರೂಪಾಯಿಯು ಇಂದಿನ ರೂಪಾಯಿಯಷ್ಟು ಬೆಲೆಯುಳ್ಳದ್ದಲ್ಲ. ಸಂಬಳ ಏರುವುದು, ಕಂತಿನ ಭಾರ ಇಳಿಯುವುದು. ಮನೆ ಕೊಳ್ಳದಿದ್ದರೆ ಬಾಡಿಗೆಯನ್ನಂತೂ ಕೊಡಲೇಬೇಕು. ಇವೆಲ್ಲ ನಿಜವೇ. ಆದುದರಿಂದ ಒಟ್ಟು ಮೊತ್ತವನ್ನೇ ನಷ್ಟವೆಂದು ಭಾವಿಸುವುದು ತಪ್ಪಾದೀತು. ಆದರೆ ಈ ಸಮಾಧಾನಗಳು ಉದ್ಯೋಗವು ನಿಲ್ಲದೆ ನಡೆಯುವವನಿಗೆ ಮಾತ್ರ ಸಲ್ಲತಕ್ಕವು. ನಿವೃತ್ತಿಯ ಆಚೆಗೂ ಕಂತು ಚಾಚಿದವನಿಗೆ ಸಲ್ಲವು.

ಚರಿತ್ರೆಯಿಂದ ತಿಳಿಯುವ ಪರಿಹಾರವೂ ಕಾಲದಲ್ಲಿಯೇ ಇದೆ. ಮೇಲಿನ 20 ವರ್ಷದ ಸಾಲದಲ್ಲಿ ಆರಂಭದಲ್ಲಿಯೇ 1 ಲಕ್ಷ ರೂಪಾಯಿಯನ್ನು ಹೆಚ್ಚಾಗಿ ಕಟ್ಟಿ ಕಂತನ್ನು ಬದಲಿಸದಿದ್ದರೆ, ಕೊನೆಯ ಕಂತುಗಳಲ್ಲಿ ಸುಮಾರು 5 ಲಕ್ಷ 75 ಸಾವಿರ ಕಡಮೆಯಾಗುವುದು. ಅದೇ ಲಕ್ಷವನ್ನು ಹದಿನೈದು ವರ್ಷ ಕಳೆದ ಮೇಲೆ ಕಟ್ಟಿದರೆ ಕಡಮೆಯಾಗುವುದು 1 ಲಕ್ಷ 55 ಸಾವಿರ ಮಾತ್ರ. ಬದಲಾಗುವ ದರದ ಮನೆಸಾಲವನ್ನು ಮುಂಚಿತವಾಗಿ ತೀರಿಸುವ ವ್ಯಕ್ತಿಗಳಿಂದ ಬ್ಯಾಂಕುಗಳು ದಂಡ ವಸೂಲು ಮಾಡಕೂಡದೆಂದು ರಿಸರ್ವ್ ಬ್ಯಾಂಕು 2012ರಲ್ಲಿ ವಿಧಿಸಿತು. ದರ ಬದಲಾದಾಗ ಕಂತು ಏರಬೇಕೋ ಅವಧಿ ಬೆಳೆಯಬೇಕೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕೆಂದೂ, ಕಟ್ಟಿದ ಅಸಲು ಬಡ್ಡಿಗಳ ವಿವರವನ್ನು ಮೂರು ತಿಂಗಳಿಗೊಮ್ಮೆ ತಿಳಿಸಬೇಕೆಂದೂ 2023ರ ಆಗಸ್ಟಿನಲ್ಲಿ ಆಜ್ಞಾಪಿಸಿತು. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಎಲ್ಲ ಖರ್ಚುಗಳನ್ನೂ ಒಳಗೊಂಡ ವಾರ್ಷಿಕ ದರವನ್ನೂ ಕಂತುಗಳ ಪಟ್ಟಿಯನ್ನೂ ಮುಖ್ಯಾಂಶಪತ್ರದಲ್ಲಿ ಕಾಣಿಸಬೇಕಾಗಿದೆ. ಅಸಲು ಬಡ್ಡಿಗಳನ್ನು ಬೇರ್ಪಡಿಸಿ ನೋಡೆಂದ 1879ರ ಕಾಯಿದೆಯ ವಿವೇಕವೇ ಇಲ್ಲಿ ಬೇರೊಂದು ರೂಪದಲ್ಲಿ ಮರಳಿದಂತಿದೆ. ಭೇದವಿಷ್ಟೇ: ಅಂದು ನ್ಯಾಯಾಧೀಶನು ಆ ಲೆಕ್ಕವನ್ನು ನೋಡುತ್ತಿದ್ದನು, ಇಂದು ಸಾಲಗಾರನೇ ನೋಡಬೇಕು.

ಇಮ್ಮಡಿಯ ಮಿತಿಯು ಮರಳಿ ಶಾಸನವಾಗಲೆಂದು ನಾವು ವಾದಿಸುತ್ತಿಲ್ಲ. ಅಂತಹ ಕಟ್ಟು ಬಂದರೆ ದೀರ್ಘಾವಧಿಯ ಸಾಲವೇ ದೊರೆಯದೆ ಹೋಗಬಹುದು. ಆದರೆ ಶಾಸನವು ಬಿಟ್ಟುಕೊಟ್ಟ ಅಳತೆಗೋಲನ್ನು ಗೃಹಸ್ಥನು ತನ್ನ ಕೈಯಲ್ಲಿ ಉಳಿಸಿಕೊಳ್ಳುವುದಕ್ಕೆ ಯಾರ ಅಪ್ಪಣೆಯೂ ಬೇಕಾಗಿಲ್ಲ. ರುಜು ಹಾಕುವ ಮುನ್ನ ಕಂತನ್ನು ತಿಂಗಳುಗಳಿಂದ ಗುಣಿಸಿ, ಬಂದ ಮೊತ್ತವನ್ನು ಅಸಲಿನ ಪಕ್ಕದಲ್ಲಿ ಬರೆದು, ಕೊನೆಯ ಕಂತಿನ ದಿನ ತನ್ನ ವಯಸ್ಸೆಷ್ಟಾಗಿರುವುದೆಂದು ಅದರ ಕೆಳಗೆ ಗುರುತಿಸಿಕೊಂಡರೆ ಸಾಕು. ಪರಸ್ಥಳದಲ್ಲಿ ಮನೆ ಮಾಡಿದವನು ಮುಂದೆ ಇಲ್ಲಿರುವುದೋ ಊರಿಗೆ ಹೋಗುವುದೋ ಅವನ ಇಚ್ಛೆಗೆ ಸೇರಿದ ಮಾತು. ಆ ಇಚ್ಛೆಯನ್ನು ಸಾಲದ ಅವಧಿಗೆ ಒತ್ತೆಯಿಡದಿರುವಷ್ಟು ಎಚ್ಚರ ನಮ್ಮಲ್ಲಿರಬೇಕು.